ದಸರಾ ಮಂಟಪದ ಹೈಡ್ರಾಲಿಕ್‌ ಮೇಲೆ ಜೀಪಿನ ಸೆಟ್ ನಿಲ್ಲುತ್ತದೆಯೇ?

ಕಿರುಚಿತ್ರ_ಮಡಿಕೇರಿ: ಮಾಂದಲ್‌ಪಟ್ಟಿ ಗುಡ್ಡದ ದಾರಿಯಲ್ಲಿ ಜೀಪು ಎಡಬಲಕ್ಕೆ ವಾಲುವ ದೃಶ್ಯವನ್ನು ಶೆಡ್ಡಿನೊಳಗೇ ತೆಗೆಯಬೇಕು. ಎಂಜಿನ್ ಇಲ್ಲದ ಬಾಡಿ, 6 ಅಡಿ ಅಗಲದ ಪ್ಲಾಟ್‌ಫಾರಂ, ಒಳಗೆ ನಾಲ್ವರು. ಮಡಿಕೇರಿ ದಸರಾದ ದಶಮಂಟಪದಲ್ಲಿ ಮೂರ್ತಿ ಎತ್ತುವ ಹೈಡ್ರಾಲಿಕ್ ಸಿಲಿಂಡರ್ ಸಿಗುತ್ತದೆ. ಜರ್ಮನಿಯ ಕಲಾ ನಿರ್ದೇಶಕ ರೋಲ್ಫ್ ಜೆಹೆಟ್‌ಬೌವರ್ ಸಬ್‌ಮರೀನ್ ಸೆಟ್ಟನ್ನೇ ಓಲಾಡಿಸಿದ್ದರಂತೆ. ಹೇಗೆ?

ಕಲಾವಿಭಾಗ: 1981ರ 'ದಾಸ್ ಬೂಟ್' ಅದು. ಸಿನಿಮಾ ಆಗಿಯೂ ಟಿವಿ ಸರಣಿಯಾಗಿಯೂ ಬಂತು. ಮ್ಯೂನಿಕ್‌ನ ಬವೇರಿಯಾ ಸ್ಟುಡಿಯೋದಲ್ಲಿ ಸಬ್‌ಮರೀನಿನ ಒಳಭಾಗವನ್ನು ನಿಜವಾದ ಅಳತೆಯಲ್ಲೇ ಕಟ್ಟಿ, ನೆಲದಿಂದ ಸುಮಾರು 5 ಮೀಟರ್ ಎತ್ತರದಲ್ಲಿ ಹೈಡ್ರಾಲಿಕ್ ಮೇಲೆ ಕೂರಿಸಿದ್ದರು. 45 ಡಿಗ್ರಿವರೆಗೆ ವಾಲುತ್ತಿತ್ತು. ಕ್ಯಾಮೆರಾಗೆ ಜಾಗ ಬೇಕೆಂದು ಗೋಡೆ ಬಿಚ್ಚಲಿಲ್ಲ. ಆ ಇಕ್ಕಟ್ಟು ತೆರೆಯ ಮೇಲೆ ಉಸಿರುಗಟ್ಟಿಸುವುದು ಅದಕ್ಕೇ.

ಕೈಯಲ್ಲಿರುವ ಸಾಮಾನಿನಲ್ಲೇ ಕೆಲಸ ತೆಗೆಯುವುದು ಜೆಹೆಟ್‌ಬೌವರ್‌ಗೆ ಮೊದಲಿನಿಂದ ಗೊತ್ತಿತ್ತು. 1966ರ ಬಾಹ್ಯಾಕಾಶ ಸರಣಿ 'ರೌಮ್‌ಪಟ್ರೂಯ್ಲ'ದಲ್ಲಿ ನೌಕೆಯ ನಿಯಂತ್ರಣ ಫಲಕಕ್ಕೆ ಬಟ್ಟೆಯ ಇಸ್ತ್ರಿಪೆಟ್ಟಿಗೆಯ ಹಿಡಿಯೇ ಲಿವರ್! 'ಕ್ಯಾಬರೆ'ಗೆ (1972) ಸಹೋದ್ಯೋಗಿಗಳ ಜೊತೆ ಆಸ್ಕರ್ ಬಂತು. ನಿರ್ದೇಶಕ ಬರ್ಗ್‌ಮನ್ ಚಿತ್ರಕ್ಕೆಂದು ಅದೇ ಸ್ಟುಡಿಯೋದಲ್ಲಿ ಕಟ್ಟಿದ ಬರ್ಲಿನ್ ಬೀದಿಯನ್ನು ಆಮೇಲೆ ನಿರ್ದೇಶಕ ಫಾಸ್‌ಬಿಂಡರ್ ಕೂಡ ಬಳಸಿದರು.

ನಿಮ್ಮ ಜೀಪಿಗೆ ಒಂದು ಮಾತು: ಕ್ಯಾಮೆರಾವನ್ನು ಬಾಡಿಗೇ ಬೋಲ್ಟ್ ಮಾಡಿದರೆ ವಾಲಿದ್ದು ಕಾಣುವುದೇ ಇಲ್ಲ, ಏಕೆಂದರೆ ಅದೂ ಜೊತೆಗೇ ವಾಲುತ್ತದೆ. ಹೊರಗೆ ಮಂಜೆಂದು ಬಿಳಿ ಬಟ್ಟೆ ಕಟ್ಟಿದರಂತೂ ಹೋಲಿಸಲು ಗುಡ್ಡದ ಗೆರೆಯೂ ಸಿಗದು. ಕನ್ನಡಿಗೆ ಒಂದು ಮಣಿಸರ ತೂಗುಬಿಡಿ. ಅದು ನೆಟ್ಟಗೆ ನಿಂತು ಜೀಪು ತಿರುಗಿದಾಗ ಕಣ್ಣು ನಂಬುತ್ತದೆ.

ವೆಲ್ಡಿಂಗ್_ಕುಶಾಲನಗರ: ಎಡಕ್ಕೂ ಬಲಕ್ಕೂ 15 ಡಿಗ್ರಿ ಸಾಕು, ಅದಕ್ಕಿಂತ ಹೆಚ್ಚು ಬೇಡ. 6 ಅಡಿ ಅಗಲಕ್ಕೆ ಅಂಚು 9 ಇಂಚಿನಷ್ಟು ಇಳಿಯುತ್ತದೆ. ಫ್ರೇಮಿನ ದಪ್ಪವನ್ನೂ ಸೇರಿಸಿ ನಡುವಿನ ಶಾಫ್ಟ್ ನೆಲದಿಂದ 14 ಇಂಚಾದರೂ ಮೇಲಿರಲಿ, ಎರಡು ತುದಿಗೂ ಬೇರಿಂಗ್ ಬ್ಲಾಕ್. ಸಿಲಿಂಡರನ್ನು ಶಾಫ್ಟಿನಿಂದ 2 ಅಡಿ ದೂರಕ್ಕೆ ಕೂರಿಸಿದರೆ ಒಟ್ಟು ಸ್ಟ್ರೋಕ್ (ಸಿಲಿಂಡರಿನ ದಂಡ ಚಾಚುವ ಉದ್ದ) ಸುಮಾರು 12.5 ಇಂಚು ಬೇಕು.

ಮಂಟಪದ ಲೆಕ್ಕ ಇಲ್ಲಿ ನಡೆಯುವುದಿಲ್ಲ ಅಣ್ಣ. ಮೂರ್ತಿ ಕೂತಲ್ಲೇ ಕೂತಿರುತ್ತದೆ. ನಾಲ್ವರು ಒಮ್ಮೆಗೇ ಒಂದು ಬದಿಗೆ ಜಾರಿದರೆ ಭಾರವೆಲ್ಲ ಅಲ್ಲಿಗೇ ಬೀಳುತ್ತದೆ. ಬಾಡಿ, ಜನ ಸೇರಿದ ತೂಕದ ಎರಡು ಪಟ್ಟಿಗೆ ಫ್ರೇಮ್ ಮಾಡಿ. ಹೋಸ್ ಒಡೆದರೆ ಪ್ಲಾಟ್‌ಫಾರಂ ಧೊಪ್ಪನೆ ಬೀಳುತ್ತದೆ, ಹಾಗಾಗಿ ಎಣ್ಣೆ ಹೊರಹೋಗದಂತೆ ತಡೆಯುವ ಲಾಕ್ ವಾಲ್ವ್ ಸಿಲಿಂಡರಿನ ಬಾಯಲ್ಲೇ ಇರಬೇಕು, ಪಂಪಿನ ಹತ್ತಿರ ಅಲ್ಲ. ಎರಡು ಅಂಚಿನ ಕೆಳಗೂ ರಬ್ಬರ್ ಹೊಡೆದ ಮರದ ದಿಮ್ಮಿ ಇಡಿ. ಮೊದಲ ದಿನ ಜನರ ಬದಲು ಮರಳುಚೀಲ ಕೂರಿಸಿ ಓಡಿಸಿ.

ಕಿರುಚಿತ್ರ_ಮಡಿಕೇರಿ: ನೆಲಕ್ಕೆ ಯಾವ ಪ್ಲೈವುಡ್? ಶೂಟಿಂಗ್ ಜುಲೈನಲ್ಲಿ.

ಕಲಾವಿಭಾಗ: ಐಎಸ್ 710 ಮುದ್ರೆ (ನೀರು ತಡೆಯುವ ಮರೀನ್ ಪ್ಲೈವುಡ್‌ನ ಗುರುತು) ಇರುವ 18 ಎಂಎಂ. ಮಳೆಗಾಲದ ತೇವಕ್ಕೆ ಸಾದಾ ಪ್ಲೈ ಅಂಚಿನಿಂದ ಉಬ್ಬಿ, ಸ್ಕ್ರೂ ಹಿಡಿತ ಬಿಟ್ಟು ಕಿರ್ರೆನ್ನುತ್ತದೆ, ಆ ಸದ್ದು ಮೈಕಿಗೂ ಹೋಗುತ್ತದೆ. ಕತ್ತರಿಸಿದ ಅಂಚಿಗೆಲ್ಲ ಅದೇ ದಿನ ಪ್ರೈಮರ್ ಹೊಡೆಯಿರಿ.