ಸೋಡ, ಪಾಕ, ಸಾರ, ಚುರುಕು: ವೆನಿಲ್ಲಾ ಸೋಡಕ್ಕೆ ಬೇಕಾದ ಕನ್ನಡ ಪದಗಳು

ಮಾನ್ಯರೇ,

ಮನೆಯಲ್ಲೇ ಮಾಡಿಕೊಳ್ಳುವ ತಂಪು ಪಾನೀಯಗಳ ಬಗ್ಗೆ ಕನ್ನಡದಲ್ಲಿ ಒಂದು ಕಿರುಹೊತ್ತಗೆ ಬರೆಯುತ್ತಿದ್ದೇನೆ. ಅದರಲ್ಲಿ ಹಳೆಯ ಕಾಲದ ವೆನಿಲ್ಲಾ ಸೋಡಕ್ಕೆ ಎರಡು ಪುಟಗಳಿವೆ. ಮಾಡುವ ಕ್ರಮ ಸುಲಭ: ಸಕ್ಕರೆಯನ್ನು ನೀರಿನಲ್ಲಿ ಕರಗಿಸಿ, ವೆನಿಲ್ಲಾದ ಕಂಪನ್ನು ಅದಕ್ಕೆ ಹತ್ತಿಸಿ, ಆರಲು ಬಿಟ್ಟು, ಕುಡಿಯುವ ಹೊತ್ತಿಗೆ ಅದರ ಒಂದು ಪಾಲಿಗೆ ನಾಲ್ಕೈದು ಪಾಲು ತಣ್ಣನೆಯ ಸೋಡನೀರನ್ನು ಸೇರಿಸಿದರಾಯಿತು. ಆದರೆ ಈ ಒಂದೇ ವಾಕ್ಯದಲ್ಲಿ ಬರುವ ವಸ್ತುಗಳಿಗೆ ಯಾವ ಹೆಸರು ಬಳಸಿದರೆ ಓದಿದವರ ಕೈ ಸರಿಯಾದ ಡಬ್ಬಿಯ ಕಡೆಗೇ ಹೋಗುತ್ತದೆ ಎಂಬುದು ನನಗೆ ಇನ್ನೂ ಪೂರ್ತಿ ಬಗೆಹರಿದಿಲ್ಲ. ಬಲ್ಲವರ ಅಭಿಪ್ರಾಯ ಕೇಳುವ ಮೊದಲು ನಾನು ಎಲ್ಲಿಯವರೆಗೆ ಬಂದಿದ್ದೇನೆ ಎಂಬುದನ್ನು ವಿವರಿಸುತ್ತೇನೆ.

ಮೊದಲ ಕರಡಿನಲ್ಲಿ “ಪಾಕ ಆರಿದ ಮೇಲೆ ಸೋಡ ಬೆರೆಸಿ ಕೂಡಲೇ ಕುಡಿಯಿರಿ” ಎಂದು ಬರೆದಿದ್ದೆ. ಅದನ್ನು ಅತ್ತಿಗೆಯವರ ಕೈಗೆ ಕೊಟ್ಟು, ನನ್ನನ್ನು ಏನೂ ಕೇಳದೆ ಬರೆದಂತೆಯೇ ಮಾಡಿ ನೋಡಬೇಕೆಂದು ಕೋರಿದೆ. ಅವರು ಸಕ್ಕರೆಯನ್ನು ಬೆರಳಿಗೆ ಅಂಟುವವರೆಗೆ ಕುದಿಸಿ, ಆರಿಸಿ, ನೀರು ಬೆರೆಸಿ, ಒಂದು ಚಮಚ ಅಡುಗೆ ಸೋಡದ ಪುಡಿ ಹಾಕಿ ಕಲಕಿದರು. ಲೋಟದಲ್ಲಿ ಗುಳ್ಳೆ ಏಳಲಿಲ್ಲ. ಒಂದು ಗುಟುಕು ಕುಡಿದವರಿಗೆ ಸಾಬೂನಿನ ರುಚಿ ಬಾಯಲ್ಲಿ ಉಳಿಯಿತು. ಅವರು ಮಾಡಿದ್ದರಲ್ಲಿ ತಪ್ಪಿರಲಿಲ್ಲ. ಅಡುಗೆಮನೆಯ ಕನ್ನಡದಲ್ಲಿ “ಸೋಡ ಬೆರೆಸಿ” ಎಂದರೆ ಪುಡಿ ಬೆರೆಸಿ ಎಂದೇ ಅರ್ಥ, “ಪಾಕ” ಎಂದರೆ ಎಳೆ ಬರುವವರೆಗೆ ಕುದಿಸಿದ್ದು ಎಂದೇ ಅರ್ಥ. ನನ್ನ ವಾಕ್ಯದ ಎರಡೂ ನಾಮಪದಗಳು ಅವರನ್ನು ಬೇರೆ ಕಡೆಗೆ ಕರೆದೊಯ್ದಿದ್ದವು.

“ಸೋಡ”ದಿಂದ ಆರಂಭಿಸುತ್ತೇನೆ. ಈ ಪದ ಮೂಲದಲ್ಲಿ ಒಂದು ಉಪ್ಪಿನ ಹೆಸರು. 1807ರಲ್ಲಿ ಹಂಫ್ರಿ ಡೇವಿ ಕಾಸ್ಟಿಕ್ ಸೋಡದ ಮೂಲಕ ವಿದ್ಯುತ್ತು ಹಾಯಿಸಿ ಒಂದು ಲೋಹವನ್ನು ಬೇರ್ಪಡಿಸಿದಾಗ ಅದಕ್ಕೆ ಸೋಡಿಯಂ ಎಂಬ ಹೆಸರು ಬಂದದ್ದೂ ಇದೇ ಪದದಿಂದ. ನೀರಿಗೆ ಈ ಹೆಸರು ಅಂಟಿಕೊಂಡದ್ದು ಬೇರೆ ದಾರಿಯಲ್ಲಿ. ಜೋಸೆಫ್ ಪ್ರೀಸ್ಟ್ಲಿ 1767ರಲ್ಲಿ ಇಂಗ್ಲೆಂಡಿನ ಲೀಡ್ಸ್‌ನಲ್ಲಿ, ತನ್ನ ಮನೆಯ ಪಕ್ಕದ ಬಿಯರ್ ತಯಾರಿಕೆಯ ತೊಟ್ಟಿಗಳ ಮೇಲೆ ನಿಂತಿರುತ್ತಿದ್ದ ಅನಿಲವನ್ನು ನೀರಿಗೆ ಹಿಡಿಸಿದ; 1772ರಲ್ಲಿ, ಸೀಮೆಸುಣ್ಣ ಮತ್ತು ಗಂಧಕಾಮ್ಲದಿಂದ ಆ ಅನಿಲವನ್ನು ಪಡೆಯುವ ವಿಧಾನವನ್ನು ಪ್ರಕಟಿಸಿದ. ಮುಂದೆ ಇಂತಹ ನೀರನ್ನು ಮಾರಾಟಕ್ಕೆ ತಯಾರಿಸಿದವರಲ್ಲಿ ಕೆಲವರು ಖನಿಜ ಚಿಲುಮೆಗಳ ನೀರನ್ನು ಹೋಲುವಂತೆ ಅದಕ್ಕೆ ಸೋಡದ ಉಪ್ಪನ್ನೂ ಸೇರಿಸುತ್ತಿದ್ದರು. ಉಪ್ಪು ಬಿಟ್ಟುಹೋದ ಮೇಲೂ ಹೆಸರು ಉಳಿಯಿತು. ಅಮೆರಿಕದ ಬಳಕೆಯಲ್ಲಿ ಅದು ಇನ್ನೂ ಮುಂದೆ ಸರಿದು, ಅನಿಲ ತುಂಬಿದ ಸಿಹಿ ಪಾನೀಯಕ್ಕೂ ಹೆಸರಾಯಿತು. ಹೀಗೆ ಪುಡಿ, ನೀರು, ಪಾನೀಯ ಎಂಬ ಮೂರು ಅರ್ಥಗಳು ಒಂದೇ ಪದದೊಳಗೆ ಕೂತು ಕನ್ನಡಕ್ಕೆ ಬಂದಿವೆ. ಮಾತಿನಲ್ಲಿ ಇದು ತೊಂದರೆ ಕೊಡುವುದಿಲ್ಲ, ಏಕೆಂದರೆ “ಸೋಡ ಕುಡಿದೆ”, “ಸೋಡ ಹಾಕಿದೆ” ಎಂಬಲ್ಲಿ ಕ್ರಿಯಾಪದವೇ ಅರ್ಥವನ್ನು ಬಿಡಿಸುತ್ತದೆ. “ಬೆರೆಸು”, “ಸೇರಿಸು” ಎಂಬ ಕ್ರಿಯಾಪದಗಳು ಹಾಗೆ ಬಿಡಿಸಲಾರವು. ಆದ್ದರಿಂದ ಮಾಡುವ ಕ್ರಮ ಹೇಳುವಾಗ “ಅಡುಗೆ ಸೋಡ” ಮತ್ತು “ಸೋಡನೀರು” ಎಂದು ಬಿಡಿಸಿಯೇ ಬರೆಯುವುದು, ಬರಿಯ “ಸೋಡ”ವನ್ನು ಸಿದ್ಧವಾದ ಪಾನೀಯಕ್ಕೆ ಮಾತ್ರ ಉಳಿಸಿಕೊಳ್ಳುವುದು ಎಂದು ನಿರ್ಧರಿಸಿದ್ದೇನೆ. ಬರೆಯುವುದಕ್ಕೆ “ಸೋಡಾ” ಸರಿಯೋ “ಸೋಡ” ಸರಿಯೋ ಎಂಬುದರಲ್ಲಿ ನನಗೆ ಹಟವಿಲ್ಲ. ಮಾತಿನಲ್ಲಿ ಕೊನೆಯ ಸ್ವರ ಗಿಡ್ಡವಾಗುತ್ತದೆ ಎಂಬ ಕಾರಣಕ್ಕೆ ಎರಡನೆಯದನ್ನು ಬಳಸುತ್ತಿದ್ದೇನೆ.

ಇಲ್ಲಿ ಒಂದು ತೊಡಕಿದೆ. ಹಳೆಯ ಕೆಲವು ವಿಧಾನಗಳಲ್ಲಿ ನಿಜವಾಗಿಯೂ ಪುಡಿಯನ್ನೇ ಹಾಕುತ್ತಿದ್ದರು. 1852ರಲ್ಲಿ ಅಮೆರಿಕದ ಒಂದು ಕೃಷಿ ಪತ್ರಿಕೆಯಲ್ಲಿ ಅಚ್ಚಾದ ಕ್ರೀಮ್ ಸೋಡದ ವಿಧಾನದಲ್ಲಿ ಸಕ್ಕರೆ, ಟಾರ್ಟಾರಿಕ್ ಆಮ್ಲ, ಕ್ರೀಮ್ ಆಫ್ ಟಾರ್ಟರ್, ಮೊಟ್ಟೆ, ಹಾಲು ಇವುಗಳನ್ನು ಕಾಸಿ ಇಟ್ಟುಕೊಂಡು, ಕುಡಿಯುವಾಗ ನೀರಿಗೆ ಅದನ್ನು ಹಾಕಿ ಕಾಲು ಚಮಚ ಅಡುಗೆ ಸೋಡ ಸೇರಿಸಬೇಕಿತ್ತು. ಆಮ್ಲವಿದ್ದುದರಿಂದ ಅಲ್ಲಿ ಗುಳ್ಳೆ ಎದ್ದಿತು. ಅತ್ತಿಗೆಯವರ ಲೋಟದಲ್ಲಿ ಆಮ್ಲವಿರಲಿಲ್ಲ. ಇದೇ ವಿಧಾನ “ಕ್ರೀಮ್ ಸೋಡ”ವನ್ನು “ಕೆನೆಸೋಡ” ಎಂದು ಬರೆಯಬಾರದೇಕೆ ಎಂಬುದನ್ನೂ ಹೇಳುತ್ತದೆ. ಅದರಲ್ಲಿರುವ ಕ್ರೀಮ್ ಆಫ್ ಟಾರ್ಟರ್ ಕೆನೆಯಲ್ಲ, ದ್ರಾಕ್ಷಾರಸದ ಪೀಪಾಯಿಗಳಲ್ಲಿ ಕಟ್ಟಿಕೊಳ್ಳುವ ಒಂದು ಹುಳಿಯುಪ್ಪು. ಇಂದು ಆ ಹೆಸರಿನಲ್ಲಿ ಸಿಗುವ ವೆನಿಲ್ಲಾ ಪಾನೀಯದಲ್ಲಂತೂ ಹಾಲೂ ಇಲ್ಲ, ಕೆನೆಯೂ ಇಲ್ಲ. “ಕೆನೆಸೋಡ” ಎಂದು ಓದಿದವರು ಹಾಲಿನ ಪಾತ್ರೆಯನ್ನೇ ಹುಡುಕುತ್ತಾರೆ.

ಮುಂದಿನದು “ಪಾಕ”. ಈ ಪದದ ಬಗ್ಗೆ ನನಗೆ ಇರುವ ಪ್ರೀತಿಯೇ ಮೊದಲ ಕರಡಿನಲ್ಲಿ ನನ್ನನ್ನು ದಾರಿ ತಪ್ಪಿಸಿತೆಂದು ಕಾಣುತ್ತದೆ. ಹೆಬ್ಬೆರಳು ಮತ್ತು ತೋರುಬೆರಳ ನಡುವೆ ಒಂದು ಹನಿ ಇಟ್ಟು ಮೆಲ್ಲಗೆ ಅಗಲಿಸಿದಾಗ ನೂಲಿನಂತೆ ಎಳೆ ಬಂದರೆ ಅದು ಒಂದೆಳೆ ಪಾಕ; ಅಳತೆ ಹಿಡಿದರೆ ಸುಮಾರು 105 ಡಿಗ್ರಿ ಸೆಲ್ಸಿಯಸ್ ಆಗಿರುತ್ತದೆ. ಸೋಡಕ್ಕೆ ಬೇಕಾದದ್ದು ಇದಲ್ಲ. ಸಮತೂಕದ ಸಕ್ಕರೆ ಮತ್ತು ನೀರನ್ನು ಬಿಸಿ ಮಾಡಿ, ಸಕ್ಕರೆ ಕರಗಿ ನೀರು ತಿಳಿಯಾದ ಕೂಡಲೇ ಇಳಿಸಬೇಕು. ಎಳೆ ಬಂದ ಪಾಕವನ್ನು ತಣ್ಣನೆಯ ಸೋಡನೀರಿಗೆ ಸುರಿದರೆ ಅದು ಇನ್ನಷ್ಟು ಗಟ್ಟಿಯಾಗಿ ಲೋಟದ ತಳ ಸೇರುತ್ತದೆ. ಅದನ್ನು ಬೆರೆಸಲು ಚಮಚದಿಂದ ಕಲಕಿದಷ್ಟೂ ನೀರಿನೊಳಗಿನ ಅನಿಲ ಹೊರಗೆ ಹೋಗುತ್ತದೆ. ಒಂದು ತಪ್ಪು ಪದದಿಂದ ಪಾನೀಯ ಹೀಗೆ ಕೆಡುವುದನ್ನು ಕಣ್ಣಾರೆ ಕಂಡ ಮೇಲೆ ಇದನ್ನು ಬರಿಯ ಪದದ ವಿಷಯವೆಂದು ಬಿಡಲಾಗಲಿಲ್ಲ.

ಹಾಗಾದರೆ ಯಾವ ಪದ? “ಎಳೆಪಾಕ” ಎಂದು ಬರೆದು ನೋಡಿದೆ. ಆದರೆ “ಎಳೆ”ಗೆ ನೂಲು ಎಂಬ ಅರ್ಥವೂ ಇದೆ, ಎಳೆಯದು ಎಂಬ ಅರ್ಥವೂ ಇದೆ, ಪಾಕದ ಪಕ್ಕದಲ್ಲಿ ನಿಂತಾಗ ಮೊದಲನೆಯದೇ ಗೆಲ್ಲುತ್ತದೆ. “ಸಿರಪ್” ಎಂದರೆ ಬಹಳ ಮಂದಿಗೆ ನೆನಪಾಗುವುದು ಕೆಮ್ಮಿನ ಔಷಧಿಯ ಬಾಟಲಿ. “ಷರಬತ್ತು” ಆಕರ್ಷಕವಾಗಿದೆ, ಏಕೆಂದರೆ ಸಿರಪ್ ಮತ್ತು ಷರಬತ್ತು ಎರಡೂ ಕುಡಿಯುವುದು ಎಂಬರ್ಥದ ಒಂದೇ ಅರಬ್ಬಿ ಧಾತುವಿನಿಂದ ಹುಟ್ಟಿ, ಬೇರೆ ಬೇರೆ ಭಾಷೆಗಳನ್ನು ದಾಟಿ ಬಂದ ಪದಗಳು. ಆದರೆ ಕನ್ನಡದಲ್ಲಿ ಷರಬತ್ತು ಕುಡಿಯಲು ಸಿದ್ಧವಾದದ್ದು; ಅದಕ್ಕೆ ಮತ್ತೆ ಸೋಡನೀರು ಸೇರಿಸಿ ಎಂದರೆ ಓದುಗರು ಗೊಂದಲಪಡುತ್ತಾರೆ. “ಸಕ್ಕರೆನೀರು” ತೀರ ತೆಳುವಾಗಿ ಕೇಳಿಸುತ್ತದೆ. ಸದ್ಯಕ್ಕೆ “ತೆಳುಪಾಕ” ಎಂದು ಬರೆದು, ಮೊದಲ ಸಲ ಬಂದಲ್ಲಿ “ಎಳೆ ಬರಬಾರದು” ಎಂಬ ಎರಡು ಪದಗಳನ್ನು ಸೇರಿಸಿದ್ದೇನೆ.

ವೆನಿಲ್ಲಾದ ವಿಷಯದಲ್ಲಿ ಚರ್ಚೆ ಚಿಕ್ಕದು. ಕೆಲವು ಅನುವಾದಗಳಲ್ಲಿ “ವೆನಿಲ್ಲಾ ಬೀಜ” ಎಂದಿರುವುದನ್ನು ನೋಡಿದ್ದೇನೆ, ಅದು ತಪ್ಪು. ನಮಗೆ ಬೇಕಾದದ್ದು ಆ ಆರ್ಕಿಡ್ ಬಳ್ಳಿಯ ಇಡೀ ಕಾಯಿ, ಹದಗೊಳಿಸಿ ಒಣಗಿಸಿ ಕಪ್ಪಾದದ್ದು. ಬಳ್ಳಿ ಬೆಳೆಯುವವರು ಬಳಸುವ “ಕೋಡು” ಎಂಬ ಪದವೇ ಸರಿಯಾದದ್ದು. ಪದದ ಹುಟ್ಟೂ ಅದನ್ನೇ ಹೇಳುತ್ತದೆ: ಸ್ಪ್ಯಾನಿಷ್‌ನಲ್ಲಿ “ವೈನಾ” ಎಂದರೆ ಕತ್ತಿಯ ಒರೆ, “ವೈನಿಯಾ” ಎಂದರೆ ಪುಟ್ಟ ಒರೆ. ಕೋಡನ್ನು ಉದ್ದಕ್ಕೆ ಸೀಳಿ, ಚಾಕುವಿನ ಬೆನ್ನಿನಿಂದ ಒಳಗಿನ ಎಳ್ಳಿಗಿಂತಲೂ ಎಷ್ಟೋ ಸಣ್ಣದಾದ ಕರಿಬೀಜಗಳನ್ನು ಕೆರೆದು, ಸಿಪ್ಪೆಯೊಡನೆಯೇ ಬಿಸಿ ತೆಳುಪಾಕದಲ್ಲಿ ಮುಚ್ಚಿಟ್ಟು ನೆನೆಸಬೇಕು. ಬೀಜ ಎಂದು ಬರೆದರೆ ಓದುಗರು ಆ ಕರಿಹುಡಿಯನ್ನು ಮಾತ್ರ ಉಳಿಸಿಕೊಂಡು ಕಂಪು ತುಂಬಿದ ಸಿಪ್ಪೆಯನ್ನು ಎಸೆದುಬಿಡುತ್ತಾರೆ.

ಕೋಡು ಸಿಗದವರು ಬಾಟಲಿಯಲ್ಲಿ ಬರುವುದನ್ನು ಬಳಸುತ್ತಾರೆ, ಅಲ್ಲಿ ಇನ್ನೊಂದು ಪ್ರಶ್ನೆ ಏಳುತ್ತದೆ. ಕೋಡನ್ನು ಆಲ್ಕೋಹಾಲಿನಲ್ಲಿ ನೆನೆಸಿ ತೆಗೆದದ್ದು ಎಕ್ಸ್‌ಟ್ರಾಕ್ಟ್. ಅಮೆರಿಕದ ನಿಯಮದ ಪ್ರಕಾರ ಅದರಲ್ಲಿ ಕನಿಷ್ಠ 35 ಶೇಕಡಾ ಆಲ್ಕೋಹಾಲ್ ಇರಬೇಕು, ಒಂದು ಲೀಟರಿಗೆ ಸುಮಾರು 100 ಗ್ರಾಂ ಕೋಡು ಬಳಸಿರಬೇಕು. ಎಸೆನ್ಸ್ ಎಂದು ಮಾರಾಟವಾಗುವುದರಲ್ಲಿ ಹೆಚ್ಚಿನದು ಕೃತಕ ವೆನಿಲಿನ್; ವೆನಿಲಿನ್ ಎಂದರೆ ಕೋಡಿನ ಕಂಪಿಗೆ ಮುಖ್ಯ ಕಾರಣವಾದ ವಸ್ತು. ಕೋಡಿನಿಂದ ಅದನ್ನು 1858ರಲ್ಲಿ ಬೇರ್ಪಡಿಸಲಾಯಿತು, 1874ರಲ್ಲಿ ಕೋಡಿಲ್ಲದೆಯೇ ತಯಾರಿಸಲಾಯಿತು. ನಿಘಂಟುಗಳಲ್ಲಿ ಎರಡಕ್ಕೂ ಸಾರ, ಸತ್ವ, ಅರ್ಕ ಎಂಬ ಪದಗಳು ಒಂದರ ಬದಲಿಗೆ ಇನ್ನೊಂದು ಎಂಬಂತೆ ಬರುತ್ತವೆ. ನನ್ನ ಕಿವಿಗೆ ಸತ್ವವೆಂದರೆ ವಸ್ತುವಿನೊಳಗಿರುವ ಬಲ, ಬಾಟಲಿಯಲ್ಲಿ ತುಂಬುವಂಥದ್ದಲ್ಲ. ಅರ್ಕ ಬಟ್ಟಿಯಿಳಿಸಿ ಪಡೆದದ್ದು. ವೆನಿಲ್ಲಾವನ್ನು ಯಾರೂ ಬಟ್ಟಿಯಿಳಿಸುವುದಿಲ್ಲ, ನೆನೆಸುತ್ತಾರೆ. ಹಾಗಾಗಿ ಕೋಡಿನಿಂದ ಬಂದದ್ದಕ್ಕೆ “ವೆನಿಲ್ಲಾ ಸಾರ”, ಮತ್ತೊಂದಕ್ಕೆ ಎಲ್ಲರ ಬಾಯಲ್ಲಿರುವ “ಎಸೆನ್ಸ್” ಎಂದೇ ಇಡುವುದು ಒಳ್ಳೆಯದು. ಎಸೆನ್ಸ್ ಎಂಬುದನ್ನು ಕನ್ನಡಿಸಲು ಹೋದರೆ, ಇವೆರಡೂ ಬೇರೆ ಎಂಬ ಉಪಯುಕ್ತ ತಿಳಿವಳಿಕೆ ಕಳೆದುಹೋಗುತ್ತದೆ.

ಈಗ ನಾನು ನಿಜವಾಗಿ ಸೋತಿರುವ ಪದಕ್ಕೆ ಬರುತ್ತೇನೆ. ಇಂಗ್ಲಿಷಿನವರು “ಫಿಜ್” ಎಂಬ ಒಂದೇ ಪದದಲ್ಲಿ ಹೇಳುವುದನ್ನು ಕನ್ನಡ ನಾಲ್ಕಾಗಿ ಒಡೆದು ಇಟ್ಟಿದೆ. ಮುಚ್ಚಳ ತೆಗೆದಾಗ ಬುಸ್ಸೆನ್ನುವುದು ಸದ್ದು. ಲೋಟದ ಗೋಡೆಯಿಂದ ಸಾಲಾಗಿ ಮೇಲೇರುವುದು ಗುಳ್ಳೆ. ಸುರಿದಾಗ ಬಾಯಂಚಿಗೆ ಉಕ್ಕಿ ನಿಂತು ಮೆಲ್ಲಗೆ ಇಳಿಯುವುದು ನೊರೆ. ನೊರೆ ದಪ್ಪವಾಗಿದ್ದರೆ ಬುರುಗು. ನಾಲಗೆಯ ಮೇಲೆ ಆಗುವುದು ಚುರುಗುಟ್ಟುವಿಕೆ. ಈ ವಿಂಗಡಣೆ ಭಾಷೆಯ ಸೊಗಸು ಮಾತ್ರವಲ್ಲ, ವಿಜ್ಞಾನಕ್ಕೂ ಹತ್ತಿರವಾಗಿದೆ. ಮುಚ್ಚಿದ ಬಾಟಲಿಯನ್ನು ಬೆಳಕಿಗೆ ಹಿಡಿದು ನೋಡಿದರೆ ಒಂದು ಗುಳ್ಳೆಯೂ ಕಾಣುವುದಿಲ್ಲ, ನೀರು ಸ್ಫಟಿಕದಂತೆ ನಿಂತಿರುತ್ತದೆ. ಒತ್ತಡದಲ್ಲಿ ಇಂಗಾಲದ ಡೈಆಕ್ಸೈಡ್ ಪೂರ್ತಿ ಕರಗಿಕೊಂಡಿರುತ್ತದೆ. ಮುಚ್ಚಳ ತೆಗೆದು ಒತ್ತಡ ಇಳಿದ ಮೇಲಷ್ಟೇ ಗುಳ್ಳೆ ಹುಟ್ಟುತ್ತದೆ. ನಾಲಗೆಯ ಚುರುಗುಟ್ಟುವಿಕೆಯೂ ಮುಖ್ಯವಾಗಿ ಗುಳ್ಳೆ ಒಡೆಯುವುದರಿಂದ ಬರುವುದಲ್ಲ. ಕರಗಿದ ಅನಿಲ ಬಾಯಲ್ಲಿ ಕಾರ್ಬಾನಿಕ್ ಆಮ್ಲವಾಗುವುದರಿಂದ ಬರುವುದು. ಗುಳ್ಳೆಯೇ ಏಳದಷ್ಟು ಒತ್ತಡವಿರುವ ಕೋಣೆಯಲ್ಲಿ ಕುಡಿದವರಿಗೂ ಅದು ಅನುಭವಕ್ಕೆ ಬರುತ್ತದೆ.

ಕೊರತೆ ಇರುವುದು ಇಲ್ಲಿ: ನೀರಿನೊಳಗೆ ಅಡಗಿದ್ದು ಈ ನಾಲ್ಕಕ್ಕೂ ಕಾರಣವಾಗುವ ಆ ಗುಣಕ್ಕೆ ಒಂದು ನಾಮಪದ ಬೇಕು. “ಸೋಡನೀರು ಎಷ್ಟು ತಣ್ಣಗಿದ್ದರೆ ಅಷ್ಟು ಹೊತ್ತು ಅದರ ... ಉಳಿಯುತ್ತದೆ” ಎಂದು ಬರೆಯಬೇಕಾದಾಗ ಆ ಖಾಲಿ ಜಾಗದಲ್ಲಿ ಏನನ್ನು ಇಡುವುದು? ಮಾತು ಮುಖ್ಯವಾದದ್ದೇ, ಏಕೆಂದರೆ ಸಾಮಾನ್ಯ ಒತ್ತಡದಲ್ಲಿ 20 ಡಿಗ್ರಿಯ ಒಂದು ಲೀಟರ್ ನೀರು ಸುಮಾರು 1.7 ಗ್ರಾಂ ಅನಿಲವನ್ನು ಹಿಡಿದರೆ 0 ಡಿಗ್ರಿಯಲ್ಲಿ ಅದರ ಹತ್ತಿರ ಹತ್ತಿರ ಎರಡರಷ್ಟನ್ನು ಹಿಡಿಯುತ್ತದೆ. ಆಡುಮಾತಿನಲ್ಲಿ ಆ ಜಾಗಕ್ಕೆ “ಗ್ಯಾಸ್” ಬರುತ್ತದೆ, “ಗ್ಯಾಸ್ ಹೋಗಿದೆ” ಎಂದರೆ ಎಲ್ಲರಿಗೂ ತಿಳಿಯುತ್ತದೆ. ಬರಹದಲ್ಲಿ ಅದನ್ನು ತಪ್ಪಿಸಲು “ಸೋಡ ಸಪ್ಪೆಯಾಗಿದೆ” ಎನ್ನುವವರೂ ಉಂಟು. ನನಗೆ ಅದು ಒಪ್ಪಿಗೆಯಾಗುವುದಿಲ್ಲ. ಸಪ್ಪೆಯೆಂದರೆ ಉಪ್ಪು, ಖಾರ, ಸಿಹಿ ಸಾಲದಿರುವುದು. ಅನಿಲ ಹೋದ ವೆನಿಲ್ಲಾ ಸೋಡ ಮೊದಲಿಗಿಂತ ಹೆಚ್ಚು ಸಿಹಿಯಾಗಿ ನಾಲಗೆಗೆ ಅಂಟುತ್ತದೆ. “ಇಂಗಾಲೀಕರಣ” ಪಠ್ಯಪುಸ್ತಕಕ್ಕೆ ಸರಿಹೊಂದೀತು, ಅಡುಗೆಮನೆಗೆ ಬಾರದು.

ಬಹಳ ಯೋಚಿಸಿದ ಮೇಲೆ ನನಗೆ ತೋಚಿದ್ದು “ಚುರುಕು”. ಬಿಸಿಲು ಚುರುಕಾಗಿದೆ ಎನ್ನುತ್ತೇವೆ, ಬಿಸಿ ತಗಲಿದರೆ ಚುರುಕು ಮುಟ್ಟಿತು ಎನ್ನುತ್ತೇವೆ, ಚಟುವಟಿಕೆಯವರನ್ನು ಚುರುಕು ಎನ್ನುತ್ತೇವೆ. ತಾಕುವಿಕೆಯೂ ಚಲನೆಯೂ ಎರಡೂ ಆ ಪದದಲ್ಲಿವೆ, ಸೋಡನೀರಿನಲ್ಲಿರುವುದೂ ಅವೆರಡೇ. “ತಣ್ಣಗಿದ್ದಷ್ಟು ಹೊತ್ತು ಚುರುಕು ಉಳಿಯುತ್ತದೆ”, “ಕಲಕಿದರೆ ಚುರುಕು ಆರುತ್ತದೆ” ಎಂದು ಬರೆದು ಅತ್ತಿಗೆಯವರಿಗೆ ಎರಡನೆಯ ಕರಡನ್ನು ಕೊಟ್ಟೆ. ಅವರು ತೆಳುಪಾಕವನ್ನು ಮೊದಲು ಲೋಟಕ್ಕೆ ಹಾಕಿ, ಸೋಡನೀರನ್ನು ಲೋಟದ ಒಳಗೋಡೆಯ ಮೇಲೆ ನಿಧಾನವಾಗಿ ಇಳಿಸಿ, ಚಮಚವನ್ನು ಒಂದೇ ಒಂದು ಸಲ ತಳದಿಂದ ಮೇಲಕ್ಕೆ ಎಳೆದು ನಿಲ್ಲಿಸಿದರು. ಪದದ ಅರ್ಥವನ್ನು ಕೇಳಲಿಲ್ಲ. ಆದರೆ ಒಬ್ಬರಿಗೆ ತಿಳಿದದ್ದು ಎಲ್ಲರಿಗೂ ತಿಳಿದೀತೆಂದು ಹೇಳಲಾರೆ.

ಆದ್ದರಿಂದ ನನ್ನ ಕೋರಿಕೆ ಎರಡು. ಪಾನೀಯದ ವಿಷಯದಲ್ಲಿ “ಚುರುಕು” ಎಂಬ ಮಾತನ್ನು ನಿಮ್ಮ ಮನೆಯಲ್ಲಿ, ನಿಮ್ಮ ಕಡೆಯ ಆಡುಮಾತಿನಲ್ಲಿ ಯಾರಾದರೂ ಬಳಸುವುದನ್ನು ಕೇಳಿದ್ದೀರಾ, ಅಥವಾ ಅದೇ ಜಾಗದಲ್ಲಿ ಬೇರೆ ಪದವಿದೆಯೇ? ಮತ್ತು ಎಳೆ ಬರುವುದಕ್ಕೆ ಮೊದಲಿನ ಹಂತದ ಪಾಕಕ್ಕೆ, ದಿನವೂ ಪಾಕ ಹಿಡಿಯುವ ಕೆಲಸದವರು ಏನೆನ್ನುತ್ತಾರೆ? “ತೆಳುಪಾಕ” ನಾನು ಕಟ್ಟಿಕೊಂಡ ಪದ. ಅವರ ಬಾಯಲ್ಲಿ ಈಗಾಗಲೇ ಒಂದು ಪದವಿದ್ದರೆ ನನ್ನದನ್ನು ಸಂತೋಷದಿಂದ ಬಿಟ್ಟು ಅದನ್ನೇ ಬಳಸುತ್ತೇನೆ.