ಅಪ್‌ಡೇಟ್: ‘ಉಳಿದುದನ್ನು ಬದಲಿಸದೆ’ ಎಂಬ ಸೂಚನೆಯ ಅರ್ಥ

ಎಂಟನೆಯ ತರಗತಿಯ ಮಗಳ ಅಭ್ಯಾಸಹಾಳೆಯಲ್ಲಿದ್ದ ‘ಗೆರೆ ಎಳೆದ ಪದಗಳ ಬದಲು ಸಮಾನಾರ್ಥಕ ಪದ ಬಳಸಿ, ಉಳಿದುದನ್ನು ಬದಲಿಸದೆ ಬರೆಯಿರಿ’ ಎಂಬ ಸೂಚನೆಯಂತೆ ಪದದ ಪ್ರತ್ಯಯವನ್ನೂ ಬದಲಿಸಬಾರದೇ ಎಂದು ಕಳೆದ ವಾರ ಇಲ್ಲಿ ಕೇಳಿದ್ದೆ. ಉತ್ತರಿಸಿದವರೆಲ್ಲರಿಗೂ ಕೃತಜ್ಞತೆಗಳು.

ತೊಡಕಿದ್ದದ್ದು ‘ಸೂರ್ಯನು ಕಡಲಿನಲ್ಲಿ ಮುಳುಗಿದನು’ ಎಂಬ ವಾಕ್ಯದಲ್ಲಿ. ಕಾರವಾರದ ಮಕ್ಕಳು ದಿನವೂ ಕಾಣುವ ನೋಟವಾದ್ದರಿಂದ ಅರ್ಥದ ಗೊಂದಲವಿರಲಿಲ್ಲ. ಆದರೆ ‘ಕಡಲು’ ಹೋಗಿ ‘ಸಮುದ್ರ’ ಬಂದರೆ ‘ಇನಲ್ಲಿ’ ಹೋಗಿ ‘ದಲ್ಲಿ’ ಬರಲೇಬೇಕು. ಮಗಳು ಸೂಚನೆಯನ್ನು ಅಕ್ಷರಶಃ ಪಾಲಿಸಿ ‘ಸಮುದ್ರಿನಲ್ಲಿ’ ಎಂದು ಬರೆದಿದ್ದಳು! ಸೂರ್ಯನ ಬದಲು ‘ರವಿ’ ಎಂದರೆ ಕ್ರಿಯಾಪದ ಹಾಗೆಯೇ ಉಳಿಯುತ್ತದೆ, ‘ನೇಸರು’ ಎಂದರೆ ಅದು ನಪುಂಸಕಲಿಂಗವಾಗಿ ‘ಮುಳುಗಿತು’ ಎಂದಾಗಬೇಕು.

ಶನಿವಾರ ಶಾಲೆಗೆ ಹೋಗಿ ಹಾಳೆ ಕೊಟ್ಟ ಶಿಕ್ಷಕಿಯನ್ನು, “ಅಕ್ಕೋರೇ, ಪ್ರತ್ಯಯವೂ ‘ಉಳಿದುದರಲ್ಲಿ’ ಸೇರಿತೇ?” ಎಂದು ಕೇಳಿದೆ. ಅವರು ಹಾಳೆಯನ್ನು ಎರಡು ಸಲ ಓದಿ ನಕ್ಕರು. ವಾಕ್ಯದ ಅರ್ಥವನ್ನೂ ಪದಗಳ ಕ್ರಮವನ್ನೂ ಬದಲಿಸಬಾರದೆಂಬುದಷ್ಟೇ ಅವರ ಉದ್ದೇಶವಾಗಿತ್ತು. ವಿಭಕ್ತಿ ಮತ್ತು ಕ್ರಿಯಾಪದ ಹೊಸ ಪದಕ್ಕೆ ಹೊಂದಿಕೊಳ್ಳಬಹುದು. ನಿಮ್ಮಲ್ಲಿ ಹೆಚ್ಚಿನವರು ಊಹಿಸಿದ್ದೂ ಇದನ್ನೇ.

‘ಈ ವರ್ಷ ಮಳೆ ಕೈ ಕೊಟ್ಟಿತು’ ಎಂಬಲ್ಲಿ ‘ಕೈ’ಗೆ ಗೆರೆ ಎಳೆದದ್ದು ಮಾತ್ರ ತಪ್ಪೆಂದು ಅವರೇ ಒಪ್ಪಿದರು. ಮಳೆ ‘ಹಸ್ತ ಕೊಟ್ಟಿತು’ ಎಂದು ಯಾರೂ ಹೇಳುವುದಿಲ್ಲ. ನುಡಿಗಟ್ಟನ್ನು ಇಡಿಯಾಗಿ ತೆಗೆದುಕೊಂಡು ‘ಮೋಸ ಮಾಡಿತು’ ಎನ್ನಬೇಕಾಗುತ್ತದೆ. ಆ ಪ್ರಶ್ನೆಯನ್ನು ಕೈಬಿಟ್ಟಿದ್ದಾರೆ. ‘ಸಮುದ್ರಿನಲ್ಲಿ’ಗೆ ಕಳೆದಿದ್ದ ಅರ್ಧ ಅಂಕ ಮಾತ್ರ ಮರಳಿ ಬಂದಿಲ್ಲ, ನಾನೂ ಕೇಳಲಿಲ್ಲ.