ಸಮಸ್ಯೆ: ಬತ್ತಿ ಹೋಗಿಹ ಕೆರೆಯ ತಳದಲಿ ನೂರು ಚಂದಿರರು

ಪೃಚ್ಛಕ, ಕೋಲಾರ:
ಈ ಸಲ ಭಾಮಿನಿ ಷಟ್ಪದಿ. ಆರನೇ ಪಾದ ಕೊಟ್ಟಿದ್ದೇನೆ, ಮಿಕ್ಕ ಐದು ನಿಮ್ಮವು.

ಬತ್ತಿ ಹೋಗಿಹ ಕೆರೆಯ ತಳದಲಿ ನೂರು ಚಂದಿರರು

ಸಂಸ್ಕೃತದ ‘ಶತಚಂದ್ರಂ ನಭಸ್ತಲಂ’ ನೆನಪಾದವರಿಗೆ ನಮಸ್ಕಾರ. ಅಲ್ಲಿ ಕೃಷ್ಣನ ಏಟಿಗೆ ತಲೆ ತಿರುಗಿದ ಚಾಣೂರನಿಗೆ ಆಕಾಶದಲ್ಲಿ ನೂರು ಚಂದ್ರರು ಕಂಡರು. ನಮ್ಮಲ್ಲಿ ಜಟ್ಟಿಯೂ ಬೇಡ, ಏಟೂ ಬೇಡ. ಅದರ ಬದಲು ‘ನಾಳೆಗನ್ನಡಿ’ ಅಂತ ಒಂದು ವಸ್ತು ಕೊಡ್ತೇನೆ. ನಾನೇ ಕಟ್ಟಿದ್ದು, ಯಾವ ಪುರಾಣದಲ್ಲೂ ಹುಡುಕಬೇಡಿ. ಕಂಚಿನ ಕನ್ನಡಿ, ಆಗಿಯೇ ತೀರುವ ಒಂದು ನಾಳೆಯನ್ನಲ್ಲ, ಆಗಬಹುದಾದ ಎಲ್ಲ ನಾಳೆಗಳನ್ನೂ ತೋರಿಸುತ್ತೆ. 2001ರಲ್ಲಿ ಕೆಜಿಎಫ್ ಚಿನ್ನದ ಗಣಿ ಮುಚ್ಚಿದಾಗ ಅಲ್ಲಿನ ಚಾಂಪಿಯನ್ ರೀಫ್ ಅನ್ನೋ ಗಣಿಯಲ್ಲಿ, ಮೂರು ಕಿಲೋಮೀಟರಿಗೂ ಹೆಚ್ಚಿನ ಆಳದಲ್ಲಿ ಬಿಟ್ಟುಬಂದರು ಅಂತ ಕಥೆ ಕಟ್ಟಿಕೊಳ್ಳಿ. ಬಳಸಿದರೆ ಬಳಸಿ, ಬಿಟ್ಟರೆ ಬಿಡಿ. ಪ್ರಾಸ ಮಾತ್ರ ಬಿಡೋ ಹಾಗಿಲ್ಲ. ‘ತ್ತ’ ಅಂದರೆ ‘ತ್ತ’ನೇ, ‘ಮಾತು’ ‘ಕೂತು’ ತಂದರೆ ವಾಪಸ್.

ಮಾಲೂರಿನವ:
ಕಂಚಲ್ಲಿ ಮುಖ ಕಾಣುತ್ತಾ ಸ್ವಾಮಿ?

ಪೃಚ್ಛಕ:
ಕೇರಳದ ಆರನ್ಮುಳದಲ್ಲಿ ಇವತ್ತಿಗೂ ತಾಮ್ರ, ತವರ ಬೆರೆಸಿ ಲೋಹದ ಕನ್ನಡಿ ಮಾಡ್ತಾರೆ. ಉಜ್ಜಬೇಕು ಅಷ್ಟೆ. ಪದ್ಯ ಎಲ್ಲಿ?

ಮಾಲೂರಿನವ:
ತಗೊಳ್ಳಿ.

ಎತ್ತಿ ಹಿಡಿದೆನು ನಾಳೆಗನ್ನಡಿ
ಸುತ್ತ ಕವಿದಿರುಳಿನಲಿ; ಮೆಲ್ಲನೆ
ಹೊತ್ತು ತಂದಿತು ನೂರು ನಾಳೆಗಳನ್ನು ಕಂಚಿನಲಿ
ಮತ್ತೆ ನೋಡಲು ನಾಳೆನಾಳೆಯ
ನೆತ್ತಿ ಮೇಲೊಂದೊಂದು ತಿಂಗಳು
ಬತ್ತಿ ಹೋಗಿಹ ಕೆರೆಯ ತಳದಲಿ ನೂರು ಚಂದಿರರು

ಪೃಚ್ಛಕ:
ನಡೆ ಚೆನ್ನಾಗಿದೆ. ‘ನಾಳೆಗಳನ್ನು ಕಂಚಿನಲಿ’ ಅನ್ನೋ ಕಡೆ ನಾಲಿಗೆ ಎಲ್ಲೂ ತಡವರಿಸಲ್ಲ. ತಕರಾರು ಬೇರೆ. ನಿಮ್ಮ ಚಂದ್ರರೆಲ್ಲ ಕೈಯಲ್ಲಿರೋ ಕನ್ನಡಿಯಲ್ಲಿದ್ದಾರೆ, ಕೆರೆಯ ತಳದಲ್ಲಿಲ್ಲ. ‘ತಳದಲಿ’ ಅನ್ನೋ ಪದ ಸುಮ್ಮನೆ ಕೂತಿದೆ. ಮಾಯೆ ಅಂದ ಮೇಲೆ ಕೆರೆಯಾದರೇನು, ಕೊಟ್ಟಿಗೆಯಾದರೇನು? ಕೊಟ್ಟ ಪ್ರತಿ ಪದಕ್ಕೂ ಕೆಲಸ ಕೊಡಿ.

ಶಿಡ್ಲಘಟ್ಟದ ಗೂಡು:
ನಂಗೆ ಕನ್ನಡಿಯೇ ಬೇಡ. ನಮ್ಮ ಕಡೆ ಕೆರೆಗಳಲ್ಲಿ ಮರಳು ತೆಗೆದ ಗುಂಡಿಗಳಿಗೇನು ಬರ?

ಕಿತ್ತ ಮರಳಿನ ಗುಂಡಿಗುಂಡಿಗೆ
ಇತ್ತು ಹೋಯಿತು ಮೊದಲ ಮಳೆ ಬರಿ
ತುತ್ತು ನೀರನು, ನಾಳೆ ನೇಸರನುಂಡು ಮುಗಿಸುವುದ
ಹತ್ತಿ ನಿಂತೆನು ಹಳೆಯ ಕಟ್ಟೆಯ
ಹೊತ್ತು ಮುಳುಗಿದ ಮೇಲೆ, ನೋಡಿದೆ
ಬತ್ತಿ ಹೋಗಿಹ ಕೆರೆಯ ತಳದಲಿ ನೂರು ಚಂದಿರರು

ಮಾಲೂರಿನವ:
ಆಹಾ! ಸೋತೆ.

ಪೃಚ್ಛಕ:
‘ನಾಳೆ ನೇಸರನುಂಡು ಮುಗಿಸುವುದ’ — ಕನ್ನಡಿ ಇಲ್ಲದೇ ನಾಳೆ ಬಂದುಬಿಡ್ತಲ್ಲ!

ಗೌರಿಬಿದನೂರು ಮೇಷ್ಟ್ರು:
ರಸಭಂಗ ಮಾಡ್ತಿದೀನಿ, ಕ್ಷಮಿಸಿ. ನಾನು ವಿಜ್ಞಾನದ ಮೇಷ್ಟ್ರು. ನಿಂತ ನೀರು ಎಲ್ಲ ಗುಂಡಿಯಲ್ಲೂ ಒಂದೇ ಮಟ್ಟಸ. ಚಂದ್ರ ಇರೋದು ಸುಮಾರು 3,84,000 ಕಿಲೋಮೀಟರ್ ದೂರ, ಆದ್ದರಿಂದ ಅವನ ಕಿರಣ ಎಲ್ಲ ಗುಂಡಿಗೂ ಒಂದೇ ಓರೆಯಲ್ಲಿ ಬೀಳುತ್ತೆ. ಕಟ್ಟೆ ಮೇಲೆ ಒಂದು ಕಡೆ ನಿಂತವನಿಗೆ ಆ ಓರೆಗೆ ಸರಿಯಾಗಿ ಸಿಕ್ಕುವ ಗುಂಡಿ ಒಂದೇ. ಅದರಲ್ಲಿ ಒಬ್ಬ ಚಂದ್ರ. ಮಿಕ್ಕ ತೊಂಬತ್ತೊಂಬತ್ತರಲ್ಲಿ ಬರೀ ಕತ್ತಲೆ.

ಮಾಲೂರಿನವ:
ಕಾವ್ಯಕ್ಕೆ ಸ್ಕೇಲು ಹಿಡ್ಕೊಂಡು ಬರೋದಾ?

ಶಿಡ್ಲಘಟ್ಟದ ಗೂಡು:
ತಡೀರಿ, ಮೇಷ್ಟ್ರು ಹೇಳಿದ್ದು ಸರಿ. ನಡೆದರೆ?

ಗೌರಿಬಿದನೂರು ಮೇಷ್ಟ್ರು:
ನಡೆದರೆ ಚಂದ್ರ ಒಂದು ಗುಂಡಿಯಿಂದ ಇನ್ನೊಂದಕ್ಕೆ ದಾಟ್ಕೊಂಡು ನಿಮ್ಮ ಜೊತೆಗೇ ಬರ್ತಾನೆ. ನೂರು ಗುಂಡಿ ದಾಟಿದರೆ ನೂರು ಚಂದ್ರರ ಲೆಕ್ಕ.

ಶಿಡ್ಲಘಟ್ಟದ ಗೂಡು:
ಹಾಗಾದರೆ ನಾಲ್ಕು, ಐದನೇ ಪಾದ ಹೀಗೆ:

ಹತ್ತಿ ನಡೆದೆನು ಹಳೆಯ ಕಟ್ಟೆಯ
ಹೊತ್ತು ಮುಳುಗಿರೆ, ಹೆಜ್ಜೆಹೆಜ್ಜೆಗೆ
ಬತ್ತಿ ಹೋಗಿಹ ಕೆರೆಯ ತಳದಲಿ ನೂರು ಚಂದಿರರು

ಪೃಚ್ಛಕ:
‘ನೋಡಿದೆ’ ಹೋಗಿ ‘ಹೆಜ್ಜೆಹೆಜ್ಜೆಗೆ’ ಬಂತು. ಮೊದಲಿನದರಲ್ಲಿ ನೋಡೋ ಕಣ್ಣು ಮಾತ್ರ ಇತ್ತು, ಈಗ ಕಾಲೂ ಇದೆ. ಮೇಷ್ಟ್ರೇ, ನೀವು ಪದ್ಯ ಬರೀದೇ ಇದ್ದರೂ ಅರ್ಧ ಪಾಲು ನಿಮ್ಮದು.

ಪಾವಗಡದ ಬಿಸಿಲು:
ತಡವಾಯ್ತು. ನಮ್ಮೂರ ಕಡೆ 2,050 ಮೆಗಾವ್ಯಾಟ್‌ನ ಸೌರ ಪಾರ್ಕ್ ಇದೆ, ಸುಮಾರು 13,000 ಎಕರೆ. ರೈತರ ಜಮೀನನ್ನ ಕೊಂಡಿದ್ದಲ್ಲ, ಗುತ್ತಿಗೆಗೆ ತಗೊಂಡಿದ್ದು. ದಿನಾ ನೋಡಿ ನೋಡಿ ಬಂದ ಪದ್ಯ. ಕನ್ನಡಿ ಬಿಟ್ಟಿಲ್ಲ.

ಚಿತ್ತಗೊಟ್ಟೆನು ನಾಳೆಗನ್ನಡಿ-
ಯತ್ತ, ತೋರಿತು ನೀರನಲ್ಲದು,
ಬಿತ್ತದೆಯೆ ಬೆಳೆದಂಥ ಫಲಕದ ಸಾಲುಸಾಲನ್ನು
ಇತ್ತ ಕೆರೆಯೇ ಇಲ್ಲವೆಂದೆನು
ಅತ್ತ ಹುಣ್ಣಿಮೆ ಮೂಡಿ ಬಂದಿತು
ಬತ್ತಿ ಹೋಗಿಹ ಕೆರೆಯ ತಳದಲಿ ನೂರು ಚಂದಿರರು

ಪೃಚ್ಛಕ:
ನಾನು ವಸ್ತು ಕೊಟ್ಟಿದ್ದು ಇದಕ್ಕೇ. ಕನ್ನಡಿ ಇಲ್ಲಿ ಚಂದ್ರರನ್ನ ಹುಟ್ಟಿಸ್ತಿಲ್ಲ, ಕೆರೆಗೆ ಬರಬಹುದಾದ ಗತಿಯನ್ನ ತೋರಿಸ್ತಿದೆ. ಚಂದ್ರರು ಆ ಗತಿಯೊಳಗಿಂದ ತಾವಾಗೇ ಬಂದರು, ‘ತಳ’ಕ್ಕೂ ಕೆಲಸ ಸಿಕ್ಕಿತು. ‘ಬಿತ್ತದೆಯೆ ಬೆಳೆದಂಥ’ ಅನ್ನೋದಂತೂ ರೈತನ ಬಾಯಿಂದಲೇ ಬರಬೇಕು.

ಮಾಲೂರಿನವ:
ನೀರು ಬಂದರೆ ಫಲಕಗಳ ಗತಿ? ಬೆಂಗಳೂರಿನ ಕೊಳಚೆ ನೀರು ಸಂಸ್ಕರಣೆಯಾಗಿ 2018ರಿಂದ ಕೋಲಾರದ ಕೆರೆಗಳಿಗೆ ಬರ್ತಿದೆ.

ಪಾವಗಡದ ಬಿಸಿಲು:
ಅದು ಇನ್ನೊಂದು ನಾಳೆ. ಕನ್ನಡಿ ತಿರುಗಿಸಿ ನೋಡ್ಕೊಳ್ಳಿ.

ಗೌರಿಬಿದನೂರು ಮೇಷ್ಟ್ರು:
ಮತ್ತೆ ಬಂದೆ. ಫಲಕಗಳೂ ಒಂದೇ ಓರೆಯಲ್ಲಿರ್ತವೆ, ಅದರ ಮೇಲೆ ಬೆಳಕು ಚೆಲ್ಲಿಹೋಗದ ಹಾಗೆ ಲೇಪನ ಬೇರೆ. ಒಬ್ಬನೇ ಚಂದ್ರ, ಅವನೂ ಮಂಕು.

ಪಾವಗಡದ ಬಿಸಿಲು:
ಮೇಷ್ಟ್ರೇ, ಪಾರ್ಕಿನಲ್ಲಿ ನೀವು ಹೇಳಿದ ಹಾಗೆ. ನಾನು ನೆಟ್ಟಿರೋದು ಕೆರೆಯ ಹೂಳಿನಲ್ಲಿ. ಎರಡು ಮಳೆಗೆ ಕಂಬ ಒಂದೊಂದೂ ಒಂದೊಂದು ಕಡೆ ವಾಲಿರುತ್ತೆ.

ಗೌರಿಬಿದನೂರು ಮೇಷ್ಟ್ರು:
ಹೂಳಿನ ಮೇಲೆ ನನ್ನ ಆಕ್ಷೇಪಣೆ ಇಲ್ಲ. ಮಂಕನ್ನ ಮನ್ನಿಸಿದ್ದೇನೆ.

ಪೃಚ್ಛಕ:
ಹಾಗಾದರೆ ಈ ಸಲದ ವೀಳ್ಯ ಶಿಡ್ಲಘಟ್ಟಕ್ಕೂ ಪಾವಗಡಕ್ಕೂ. ಮಾಲೂರಿನವರು ಅಡಿಕೆ ಕೊಡಬೇಕು. ಮುಂದಿನ ಸಾಲು, ಅದೇ ಭಾಮಿನಿ, ಪ್ರಾಸ ‘ಳ’, ಕನ್ನಡಿ ಈ ಸಲ ನಿಷೇಧ:

ಕಳೆದ ನಾಳೆಯ ನೆನೆದು ನಕ್ಕನು ನಿನ್ನೆ ಹುಟ್ಟಿದವ

ಮಾಲೂರಿನವ:
ಮೇಷ್ಟ್ರಿಗೆ ಮೊದಲು ತೋರಿಸಿ, ಆಮೇಲೆ ಬರೀತೀನಿ.